ಕಿರುಗಣಕವು ಎಚ್ಚರಗೊಳ್ಳುವ ಬಗೆ

ಗಣಕಯಂತ್ರವು ಯಾವ ಕೆಲಸವನ್ನು ಮಾಡಬೇಕಾದರೂ ಅದಕ್ಕೊಂದು ಕ್ರಮವಿಧಿ ಬೇಕು. ಆ ಕ್ರಮವಿಧಿಯು ಡ್ರೈವಿನಲ್ಲಿ ಇರುವುದು. ಆದರೆ ಡ್ರೈವನ್ನು ಓದುವುದೂ ಒಂದು ಕೆಲಸವೇ. ಅದಕ್ಕೂ ಕ್ರಮವಿಧಿ ಬೇಕಷ್ಟೆ! ಪೆಟ್ಟಿಗೆಯ ಬೀಗದ ಕೈ ಪೆಟ್ಟಿಗೆಯೊಳಗೇ ಉಳಿದಂತಾಯಿತಲ್ಲವೆ? ಹೀಗಿರುವಲ್ಲಿ ಯಂತ್ರವು ಎಚ್ಚರಗೊಳ್ಳುವುದು ಹೇಗೆ?

ರಾಸ್ಪ್‌ಬೆರಿ ಪೈ ಎಂಬ ಕಿರುಗಣಕವನ್ನೇ ಉದಾಹರಣೆಯಾಗಿ ತೆಗೆದುಕೊಳ್ಳೋಣ. ಇಂಗ್ಲೆಂಡಿನ ಕೇಂಬ್ರಿಜ್‌ನಲ್ಲಿ ವಿದ್ಯಾರ್ಥಿಗಳಿಗಾಗಿ ರೂಪುಗೊಂಡ ಈ ಯಂತ್ರವು ೨೦೧೨ರಲ್ಲಿ ಮಾರುಕಟ್ಟೆಗೆ ಬಂದಿತು. ಅಂಗೈಯಗಲದ ಒಂದೇ ಹಲಗೆಯಲ್ಲಿ ಅದರ ಮುಖ್ಯ ಭಾಗಗಳೆಲ್ಲವೂ ಅಡಕವಾಗಿವೆ. ೨೦೧೯ರಲ್ಲಿ ಬಂದ ಅದರ ನಾಲ್ಕನೆಯ ಮಾದರಿಯು ಮೆಟ್ಟಿಲು ಮೆಟ್ಟಿಲಾಗಿ ಎಚ್ಚರಗೊಳ್ಳುತ್ತದೆ. ಮುಖ್ಯ ಚಿಪ್‌ನಲ್ಲಿ ಅಳಿಸಲಾಗದಂತೆ ಬರೆದ ಅತಿ ಚಿಕ್ಕ ಕ್ರಮವಿಧಿಯೊಂದುಂಟು. ಅದರ ಮುಖ್ಯ ಕೆಲಸವೆಂದರೆ ಹಲಗೆಯ ಮೇಲಿರುವ ಇನ್ನೊಂದು ಸಣ್ಣ ಸ್ಮೃತಿಕೋಶವನ್ನು ಓದುವುದು. ಆ ಕೋಶದಲ್ಲಿರುವ ಎರಡನೆಯ ಕ್ರಮವಿಧಿಯು ಕಾರ್ಡನ್ನೂ ಯುಎಸ್‌ಬಿ ಡ್ರೈವನ್ನೂ ಓದಬಲ್ಲುದು. ಅದು ಡ್ರೈವಿನಿಂದ ಮೂರನೆಯದನ್ನು ತರುತ್ತದೆ. ಮೂರನೆಯದು ಲಿನಕ್ಸಿನ ತಿರುಳನ್ನು ತಂದು ಆಡಳಿತವನ್ನು ಒಪ್ಪಿಸುತ್ತದೆ. ಒಂದು ಹಣತೆಯಿಂದ ಮತ್ತೊಂದನ್ನು ಹೊತ್ತಿಸಿದಂತೆ ಈ ಕ್ರಮ.

ಎರಡನೆಯ ಕ್ರಮವಿಧಿಯನ್ನು ತಿದ್ದಬಹುದು. ಆದುದರಿಂದಲೇ ಮೊದಲು ಕಾರ್ಡನ್ನು ನೆಚ್ಚಿದ್ದ ಈ ಯಂತ್ರಗಳು ೨೦೨೦ರ ತಿದ್ದುಪಡಿಯ ಬಳಿಕ ಯುಎಸ್‌ಬಿ ಡ್ರೈವಿನಿಂದಲೂ ಎಚ್ಚರಗೊಳ್ಳಬಲ್ಲವಾದವು. ಎಲ್ಲಿ ಮೊದಲು ಹುಡುಕಬೇಕೆಂಬುದನ್ನು ಆ ಕೋಶದಲ್ಲಿಯೇ ಅಂಕಿಗಳಿಂದ ಸೂಚಿಸಿರುತ್ತದೆ: ೧ ಎಂದರೆ ಕಾರ್ಡು, ೪ ಎಂದರೆ ಯುಎಸ್‌ಬಿ. ಇವನ್ನು ಬಲದಿಂದ ಎಡಕ್ಕೆ ಓದಬೇಕು. ೪೧ ಎಂದಿದ್ದರೆ ಮೊದಲು ಕಾರ್ಡು, ಅದಿಲ್ಲದಿದ್ದರೆ ಯುಎಸ್‌ಬಿ.

ಕಾರ್ಡೇ ಇರುವಾಗ ಘನಸ್ಥಿತಿ ಡ್ರೈವು ಏತಕ್ಕೆ? ಎರಡರಲ್ಲಿಯೂ ಮಾಹಿತಿಯು ತೆಳುವಾದ ಅವಾಹಕ ಪದರದ ಆಚೆ ಸೆರೆಯಾದ ಎಲೆಕ್ಟ್ರಾನುಗಳ ರೂಪದಲ್ಲಿರುತ್ತದೆ. ಬರೆದು ಅಳಿಸಿದಾಗಲೆಲ್ಲ ಎಲೆಕ್ಟ್ರಾನುಗಳು ಆ ಪದರವನ್ನು ಹಾಯುವುದರಿಂದ ಅದು ಕ್ರಮೇಣ ಜೀರ್ಣವಾಗುತ್ತದೆ. ಡ್ರೈವಿನಲ್ಲಿರುವ ನಿಯಂತ್ರಕವು ಬರೆವಣಿಗೆಯನ್ನು ಎಲ್ಲ ಕೋಶಗಳಿಗೂ ಸಮನಾಗಿ ಹಂಚಿ, ಕೆಟ್ಟವುಗಳ ಬದಲು ಮೀಸಲು ಕೋಶಗಳನ್ನು ಬಳಸುತ್ತದೆ. ಸಾಮಾನ್ಯ ಕಾರ್ಡುಗಳಲ್ಲಿ ಈ ಏರ್ಪಾಡು ಇಷ್ಟು ಸಮರ್ಥವಲ್ಲ. ಹಗಲಿರುಳೂ ಮಳೆ, ಉಷ್ಣತೆಗಳನ್ನು ದಾಖಲಿಸುತ್ತಿರುವ ಯಂತ್ರದಲ್ಲಿ ಕಾರ್ಡು ಕೆಟ್ಟರೆ ತಿಂಗಳುಗಟ್ಟಲೆ ಮಾಡಿದ ಅವಲೋಕನವೇ ನಷ್ಟವಾಗುವುದು.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ನಾಲ್ಕನೆಯ ಮಾದರಿಯ ಯುಎಸ್‌ಬಿ ಕಿಂಡಿಗಳೆಲ್ಲ ಸೇರಿ ಕೊಡಬಲ್ಲ ಪ್ರವಾಹ ೧.೨ ಆಂಪಿಯರ್ ಮಾತ್ರ. ೫ ವೋಲ್ಟಿನಲ್ಲಿ ಇದು ೬ ವಾಟ್ ಆಯಿತು. ಡ್ರೈವು ಕ್ಷಣಕಾಲ ಇದಕ್ಕಿಂತ ಹೆಚ್ಚು ಬೇಡಿದರೂ ವೋಲ್ಟೇಜು ಕುಸಿದು ಎಚ್ಚರವು ಅರ್ಧದಲ್ಲಿಯೇ ನಿಲ್ಲಬಹುದು. ದೋಷವನ್ನು ಕ್ರಮವಿಧಿಯಲ್ಲಿ ಹುಡುಕುವ ಮೊದಲು ವಿದ್ಯುತ್ ಪೂರೈಕೆಯನ್ನು ಪರೀಕ್ಷಿಸುವುದು ಒಳ್ಳೆಯದು. ಪ್ರತ್ಯೇಕ ವಿದ್ಯುತ್ತುಳ್ಳ ಯುಎಸ್‌ಬಿ ಹಬ್ಬನ್ನು ನಡುವೆ ಜೋಡಿಸಿದರೆ ಈ ತೊಡಕು ನಿವಾರಣೆಯಾಗುವುದು.

ಬರೆಯುತ್ತಿರುವಾಗಲೇ ವಿದ್ಯುತ್ತು ಕಡಿದುಹೋದರೆ ಘನಸ್ಥಿತಿ ಡ್ರೈವಿನಲ್ಲಿಯೂ ಮಾಹಿತಿ ಕೆಡಬಹುದು. ಆದಕಾರಣ ಯಂತ್ರವನ್ನು ಕ್ರಮವಾಗಿ ನಿಲ್ಲಿಸಿದ ಮೇಲೆಯೇ ಸ್ವಿಚ್ಚನ್ನು ಆರಿಸಬೇಕು. ಮುಖ್ಯವಾದ ದಾಖಲೆಗಳ ಪ್ರತಿಯೊಂದನ್ನು ಬೇರೆಡೆ ಇರಿಸಬೇಕು.