ಬಸದಿ ಉಳಿಯಿತು, ಗುತ್ತಿನ ಚಾವಡಿ?

ಮೂಡುಬಿದಿರೆಯ ಸಾವಿರ ಕಂಬದ ಬಸದಿಗೆ ಹೊಸದಾಗಿ ಬಂದವರು ಕಂಬ ಎಣಿಸಲು ಹೊರಡುತ್ತಾರೆ. ಎಣಿಕೆಗಿಂತ ನೋಡಬೇಕಾದ್ದು ಅದರ ಮಾಡು. ವಿಜಯನಗರದ ಇಮ್ಮಡಿ ದೇವರಾಯನ ಕಾಲದಲ್ಲಿ, 1430ರ ಸುಮಾರಿಗೆ ಎದ್ದ ಈ ತ್ರಿಭುವನ ತಿಲಕ ಚೂಡಾಮಣಿ ಬಸದಿಯ ಕೆಳಗಿನ ಅಂತಸ್ತು ಕಲ್ಲಿನದು, ಮೇಲಿನವು ಮರದವು. ಆಟಿ ತಿಂಗಳ ಮಳೆ ಒಂದು ದಿನ ಬಿಡದೆ ಸುರಿಯುವ ಊರಿದು. ಇಲ್ಲಿ ಗೋಪುರ ಕಟ್ಟಿದರೆ ಸಾಲದು, ನೀರು ಜಾರಿ ಹೋಗಬೇಕು. ಅದಕ್ಕೇ ಇಳಿಜಾರಾಗಿ ಒಂದರ ಮೇಲೊಂದು ಏರಿದ ಮಾಡುಗಳು. ವಾಸ್ತು ಚರಿತ್ರೆಕಾರ ಜೇಮ್ಸ್ ಫರ್ಗುಸನ್ ಇವನ್ನು ಕಂಡು ನೇಪಾಳವನ್ನು ನೆನೆದ. ಹೋಲಿಕೆ ಚೆನ್ನಾಗಿದೆ, ಆದರೆ ನಮ್ಮ ಮಳೆಗಾಲವನ್ನು ಕೇಳಿದ್ದರೂ ಅವನಿಗೆ ಅರ್ಧ ಉತ್ತರ ಸಿಗುತ್ತಿತ್ತು.

ಇದೇ ಬಸದಿಯ ಭೈರಾದೇವಿ ಮಂಟಪದ ಜಗಲಿಯ ಸುತ್ತ ಬಗ್ಗಿ ನೋಡಿ. ಆನೆ, ಕುದುರೆಗಳ ನಡುವೆ ಒಂದು ಜಿರಾಫೆ, ಒಂದು ಚೀನೀ ಡ್ರ್ಯಾಗನ್ ಇವೆ. ಕರಾವಳಿಯ ಬಂದರುಗಳಿಂದ ಮೆಣಸು, ಅಕ್ಕಿ ಹೊರಟ ದಾರಿಯಲ್ಲೇ ಇವು ಶಿಲ್ಪಿಯ ಕಣ್ಣಿಗೋ ಕಿವಿಗೋ ಬಿದ್ದಿರಬೇಕು. ಊರಿನಲ್ಲಿ ಒಟ್ಟು 18 ಬಸದಿಗಳಿವೆ. ಧವಲಾ, ಜಯಧವಲಾ ಎಂಬ ಜೈನ ಗ್ರಂಥಗಳ ಓಲೆಗರಿಗಳನ್ನು ಶತಮಾನಗಳ ಕಾಲ ಜೋಪಾನ ಮಾಡಿದ್ದು ಇಲ್ಲಿಯೇ. ಇಷ್ಟೆಲ್ಲ ಉಳಿದದ್ದು ಮೊದಲು ಇಲ್ಲಿನ ಜೈನ ಮಠದಿಂದ ಮತ್ತು ನಿತ್ಯ ಪೂಜೆಯಿಂದ, ಕಾನೂನು ಬಂದದ್ದು ಆಮೇಲೆ ಎಂಬುದು ನನ್ನ ಅಭಿಪ್ರಾಯ. ದಿನಾ ಬಾಗಿಲು ತೆರೆಯುವವರಿದ್ದರೆ ಮಾಡು ಸೋರಿದ್ದು ಅಂದೇ ಗೊತ್ತಾಗುತ್ತದೆ.

ಬಸದಿಯಿಂದ ಅಷ್ಟೇನೂ ದೂರವಿಲ್ಲದ ಚೌಟರ ಅರಮನೆಗೆ ಆ ಭಾಗ್ಯ ಅಷ್ಟಿಲ್ಲ. ಉಳ್ಳಾಲದ ಅಬ್ಬಕ್ಕನ ಮನೆತನವೇ ಚೌಟರದ್ದು. ಒಳಗಿನ ಮರದ ಕಂಬಗಳಲ್ಲಿ ಒಂಬತ್ತು ಹೆಂಗಸರು ಸೇರಿ ಆನೆಯಾದ ನವನಾರೀಕುಂಜರ, ಐವರು ಸೇರಿ ಕುದುರೆಯಾದ ಪಂಚನಾರೀತುರಗ ಇವೆ. ದೂರದಿಂದ ಪ್ರಾಣಿ, ಹತ್ತಿರ ಹೋದರೆ ಸೀರೆಯ ನೆರಿಗೆ, ಮುಡಿ, ಕೈಬಳೆ. ಕಲ್ಲಿನಲ್ಲಿ ಕೆತ್ತಿದ್ದರೆ ಇವು ಇನ್ನೂ ನೂರಾರು ವರ್ಷ ನಿಲ್ಲುತ್ತಿದ್ದವು. ಮರಕ್ಕೆ ಗೆದ್ದಲು ಹಿಡಿಯಲು ಎರಡು ಮಳೆಗಾಲ ಸಾಕು.

ಬೆಳ್ತಂಗಡಿ ಕಡೆ ಹೋದರೆ ವೇಣೂರು. ಅಲ್ಲಿ ತಿಮ್ಮಣ್ಣ ಅಜಿಲ 1604ರಲ್ಲಿ ನಿಲ್ಲಿಸಿದ ಬಾಹುಬಲಿಗೆ 2024ರಲ್ಲಿ ಮಹಾಮಸ್ತಕಾಭಿಷೇಕ ನಡೆಯಿತು. ಅದೇ ತಾಲೂಕಿನ ಗಡಾಯಿಕಲ್ಲು ಬೆಟ್ಟದ ಕಥೆ ಬೇರೆ. 1794ರಲ್ಲಿ ಟಿಪ್ಪು ಕಟ್ಟಿಸಿ ತಾಯಿಯ ಹೆಸರಿನಲ್ಲಿ ಜಮಾಲಾಬಾದ್ ಎಂದು ಕರೆದ ಕೋಟೆಗೆ 1,876 ಮೆಟ್ಟಿಲು. ಕುದುರೆಮುಖ ರಾಷ್ಟ್ರೀಯ ಉದ್ಯಾನದೊಳಗೆ ಇರುವುದರಿಂದ ಟಿಕೆಟು ಕೊಡುವುದು ಅರಣ್ಯ ಇಲಾಖೆ. ಹತ್ತುವವರು ಬಹಳ, ಮೇಲಿನ ಕುಸಿದ ಗೋಡೆಗಳತ್ತ ನಿಂತು ನೋಡುವವರು ಕಡಿಮೆ.

ಬಂಟ್ವಾಳದಲ್ಲಿ ಪೊಳಲಿಯ ಮಣ್ಣಿನ ರಾಜರಾಜೇಶ್ವರಿ ಎಲ್ಲರಿಗೂ ಗೊತ್ತು. ನೇತ್ರಾವತಿಗೆ ಅಡ್ಡವಾಗಿ ಬ್ರಿಟಿಷರು ಕಟ್ಟಿದ ಪಾಣೆಮಂಗಳೂರಿನ ಹಳೆಯ ಉಕ್ಕಿನ ಸೇತುವೆ, ದೋಣಿಗಳ ಕಾಲದ ಪೇಟೆ ಇವನ್ನು ಪ್ರವಾಸಿಗರಿಗೆ ತೋರಿಸುವವರು ಯಾರೂ ಇಲ್ಲ. ಈ ಪೇಟೆ 1923ರ ನೆರೆಯನ್ನೂ 1974ರದ್ದನ್ನೂ ಕಂಡಿದೆ.

ಮೂಡುಬಿದಿರೆ, ಬೆಳ್ತಂಗಡಿ, ಬಂಟ್ವಾಳ ಈ ಮೂರೂ ತಾಲೂಕಿನಲ್ಲಿ ನಿಜಕ್ಕೂ ಅಪಾಯದಲ್ಲಿರುವವು ಗುತ್ತಿನ ಮನೆಗಳು, ಅಂದರೆ ಊರಿನ ಯಜಮಾನಿಕೆ ನಡೆಸುತ್ತಿದ್ದ ಭೂಮಾಲಿಕ ಮನೆತನಗಳ ಮನೆಗಳು. ಮುರಕಲ್ಲಿನ ಗೋಡೆ, ಹಲಸಿನ ಕಂಬ, ನ್ಯಾಯ ನಡೆಯುತ್ತಿದ್ದ ಚಾವಡಿ, ಭೂತದ ಉಯ್ಯಾಲೆ. 1974ರ ಭೂಸುಧಾರಣೆಯ ನಂತರ ಗೇಣಿ ನಿಂತಿತು. ಒಕ್ಕಲುಗಳಿಗೆ ನ್ಯಾಯ ಸಿಕ್ಕಿತು, ಅದು ಆಗಬೇಕಾದ್ದೇ. ಆದರೆ ಇಪ್ಪತ್ತು ಕೋಣೆಯ ಮನೆಯ ಪಕ್ಕಾಸು, ರೀಪು ಬದಲಿಸುವ ಹಣವೂ ಅಲ್ಲಿಗೆ ಮುಗಿಯಿತು. ಪಾಲಾದ ಕುಟುಂಬದಲ್ಲಿ ರಿಪೇರಿ ಯಾರದು? ಕಂಬ ಹಳೆ ಸಾಮಾನಿನ ವ್ಯಾಪಾರಿಗೆ ಹೋಗುತ್ತದೆ, ಜಾಗದಲ್ಲಿ ತಾರಸಿ ಮನೆ ಏಳುತ್ತದೆ. ಮಣಿಪಾಲದ ವಿಜಯನಾಥ ಶೆಣೈ ಇಂಥ ಮನೆಗಳನ್ನು ಬಿಚ್ಚಿ ತಂದು ಹಸ್ತಶಿಲ್ಪ ಗ್ರಾಮದಲ್ಲಿ ಮತ್ತೆ ಕಟ್ಟಿದರು. ದೊಡ್ಡ ಕೆಲಸ, ಆದರೆ ಮನೆ ತನ್ನ ಗದ್ದೆ, ನಾಗಬನ ಬಿಟ್ಟು ಬರಬೇಕಾಯಿತು.

ಇಂಗ್ಲೆಂಡಿನಲ್ಲಿ 1947ರ ಕಾನೂನಿನಿಂದ ಬೆಳೆದ ಸಂರಕ್ಷಿತ ಕಟ್ಟಡಗಳ ಪಟ್ಟಿಯಲ್ಲಿ ಈಗ ಸುಮಾರು 4 ಲಕ್ಷ ನಮೂದುಗಳಿವೆ. ಸಣ್ಣ ಪೇಟೆಯ ಅಂಗಡಿ, ಜನ ವಾಸವಿರುವ ಮನೆಯೂ ಅದರಲ್ಲಿದೆ. ಮಾಲಿಕ ಅಲ್ಲೇ ಇರುತ್ತಾನೆ, ರೂಪ ಬದಲಿಸಲು, ಕೆಡಹಲು ಮಾತ್ರ ಅನುಮತಿ ಬೇಕು. ನಮ್ಮ 1958ರ ಕೇಂದ್ರ ಕಾಯಿದೆ, 1961ರ ರಾಜ್ಯ ಕಾಯಿದೆಗಳ ಕಣ್ಣು ಬಹುಪಾಲು ದೇಗುಲ, ಕೋಟೆ, ಶಾಸನಗಳ ಮೇಲೆ. ಹಳೆ ದೇವಸ್ಥಾನಗಳ ಜೀರ್ಣೋದ್ಧಾರಕ್ಕೆ ಧರ್ಮಸ್ಥಳದ ಧರ್ಮೋತ್ಥಾನ ಟ್ರಸ್ಟ್ ಸರಕಾರದ ಜತೆ ಕೈಜೋಡಿಸಿದ ದಾರಿಯೊಂದಿದೆ. ಮನೆಗಳಿಗೂ ಅಂಥದೊಂದು ಬೇಕು.

ಅಲ್ಲಿಯವರೆಗೆ ಇಷ್ಟಾದರೂ ಮಾಡಬಹುದು. ನಿಮ್ಮ ತರವಾಡು ಮನೆ ಕೆಡಹುವ ಮಾತು ಬಂದರೆ ಮೊದಲು ಅಳತೆ ತೆಗೆಸಿ, ಕಂಬ ಬಾಗಿಲುಗಳ ಚಿತ್ರ ತೆಗೆದಿಡಿ. ಬಿ.ಸಿ.ರೋಡಿನ ಸಂಚಯಗಿರಿಯಲ್ಲಿ ಪ್ರೊ. ತುಕಾರಾಮ ಪೂಜಾರಿ ಕಟ್ಟಿದ ತುಳು ಬದುಕು ವಸ್ತು ಸಂಗ್ರಹಾಲಯಕ್ಕೆ ಒಮ್ಮೆ ಹೋಗಿ ಬನ್ನಿ, ನಿಮ್ಮ ಅಟ್ಟದಲ್ಲಿ ಬಿದ್ದಿರುವುದರ ಬೆಲೆ ತಿಳಿಯುತ್ತದೆ. ಕಂಬ ಮಾರುವ ತೀರ್ಮಾನ ಆಮೇಲೆ ಮಾಡಿ.