ಗಾಳಿಯ ಪಂಚಾಂಗ

ಒಂದು ಕಲ್ಪಿತ ಲೋಕವನ್ನು ಊಹಿಸಿಕೊಳ್ಳೋಣ. ಅಲ್ಲಿಯ ಜನ ಸೂರ್ಯನನ್ನು ನೋಡಿ ವರ್ಷವನ್ನು ಎಣಿಸುವುದಿಲ್ಲ; ಚಂದ್ರನನ್ನು ನೋಡಿ ತಿಂಗಳನ್ನು ಗುರುತಿಸುವುದಿಲ್ಲ. ಬೀಸುವ ಗಾಳಿಯೇ ಅವರ ಕಾಲಮಾನ. ನೈರುತ್ಯದ ಗಾಳಿ ವರ್ಷದ ಒಂದು ಭಾಗ. ಈಶಾನ್ಯದ ಗಾಳಿ ಇನ್ನೊಂದು ಭಾಗ. ಊರಿಗೆ ಮರಳುವುದು, ಪತ್ರ ಕಳುಹಿಸುವುದು, ಸಾಲ ತೀರಿಸುವುದು ಎಲ್ಲವೂ ಗಾಳಿಯ ಲೆಕ್ಕದಂತೆಯೇ. ಇದು ಕೇವಲ ಕಥೆಗಾರನ ಕಲ್ಪನೆಯೆಂದು ತೋರಬಹುದು. ಆದರೆ ನಮ್ಮ ಪಡುವಣ ಕಡಲಾದ ಅರಬ್ಬೀ ಸಮುದ್ರದ ನಾವಿಕರು ಹಲವು ಶತಮಾನಗಳ ಕಾಲ ಬಹುಮಟ್ಟಿಗೆ ಇಂತಹ ಲೋಕದಲ್ಲಿಯೇ ಬಾಳಿದರು.

ಗಾಳಿಯನ್ನು ನಂಬಿ ಕಾಲವನ್ನು ಎಣಿಸುವುದು ಹೇಗೆ ಸಾಧ್ಯ? ಅರಬ್ಬೀ ಸಮುದ್ರದ ಗಾಳಿಗೆ ಒಂದು ನಿಯಮವಿದೆ. ನೆಲ ಬೇಗ ಕಾಯುತ್ತದೆ, ಬೇಗ ಆರುತ್ತದೆ. ಕಡಲು ನಿಧಾನವಾಗಿ ಕಾಯುತ್ತದೆ, ನಿಧಾನವಾಗಿ ಆರುತ್ತದೆ. ಬೇಸಗೆಯಲ್ಲಿ ಏಷ್ಯಾಖಂಡದ ನೆಲ ಕಾದಾಗ ಅದರ ಮೇಲಿನ ಗಾಳಿ ಹಗುರವಾಗಿ ಮೇಲೇರುತ್ತದೆ. ಆ ಎಡೆಯನ್ನು ತುಂಬಲು ಕಡಲಿನ ತೇವಭರಿತ ಗಾಳಿ ಧಾವಿಸುತ್ತದೆ. ಭೂಮಿಯ ಆವರ್ತನೆಯಿಂದ ಅದರ ದಾರಿ ಬಲಕ್ಕೆ ಬಾಗಿ, ಅದು ನೈರುತ್ಯ ಮಾರುತವಾಗಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಬೀಸುತ್ತದೆ. ಚಳಿಗಾಲದಲ್ಲಿ ನೆಲ ಆರಿದಾಗ ಗಾಳಿ ಹಿಮ್ಮುಖವಾಗಿ ಈಶಾನ್ಯದಿಂದ ಬೀಸುತ್ತದೆ. ಅರಬ್ಬೀ ಭಾಷೆಯಲ್ಲಿ ‘ಮೌಸಿಮ್’ ಎಂದರೆ ಋತು. ಆ ಮಾತೇ ‘ಮಾನ್ಸೂನ್’ ಎಂಬ ಪದದ ಮೂಲ.

ಹಾಯಿಹಡಗುಗಳಿಗೆ ಈ ಗಾಳಿಯೇ ಬಲ. ಕ್ರಿ.ಶ. ಒಂದನೆಯ ಶತಮಾನದ ‘ಎರಿತ್ರಿಯನ್ ಸಮುದ್ರದ ಪೆರಿಪ್ಲಸ್’ ಎಂಬ ಗ್ರೀಕ್ ಗ್ರಂಥವು, ಭಾರತಕ್ಕೆ ಹೋಗುವವರು ಜುಲೈ ಸುಮಾರಿಗೆ ಈಜಿಪ್ಟಿನಿಂದ ಹೊರಡಬೇಕೆಂದು ತಿಳಿಸುತ್ತದೆ. ಕೆಂಪು ಸಮುದ್ರವನ್ನು ದಾಟುವಷ್ಟರಲ್ಲಿ ಮುಂಗಾರಿನ ಉಗ್ರತೆ ಇಳಿದಿರುತ್ತಿತ್ತು. ಅದರ ಉತ್ಕಟ ಕಾಲದಲ್ಲಿ ನಮ್ಮ ಕರಾವಳಿಯ ಬಂದರುಗಳಿಗೆ ಹಡಗು ತರುವುದು ಸಾವನ್ನು ಕರೆದಂತೆ. ಮರುಪ್ರಯಾಣಕ್ಕೆ ಈಶಾನ್ಯದ ಗಾಳಿಗಾಗಿ ಕಾಯಬೇಕು. ಹೊರಡುವ ಕಾಲ ತಪ್ಪಿದರೆ ತಿಂಗಳುಗಟ್ಟಲೆ ಪರಸ್ಥಳದಲ್ಲಿಯೇ ವಾಸ. ಆತುರಪಟ್ಟರೆ ಪ್ರಾಣಕ್ಕೇ ಸಂಚಕಾರ.

ಹೀಗಾಗಿ ಅರಬ್ ನಾವಿಕರಿಗೆ ಒಂದು ತೊಡಕು ಎದುರಾಯಿತು. ಅವರ ಧಾರ್ಮಿಕ ವರ್ಷವು ಚಾಂದ್ರಮಾನದ್ದು. ಸುಮಾರು 354 ದಿನಗಳದು. ಗಾಳಿಯಾದರೋ ಸೂರ್ಯನನ್ನು ಅನುಸರಿಸುತ್ತದೆ. ವರ್ಷಕ್ಕೆ 11 ದಿನಗಳಂತೆ ತಿಂಗಳುಗಳು ಹಿಂದಕ್ಕೆ ಸರಿಯುತ್ತಿದ್ದುದರಿಂದ, ಒಂದು ವರ್ಷ ಪ್ರಯಾಣಕ್ಕೆ ಒದಗಿದ ತಿಂಗಳು ಕೆಲವು ವರ್ಷಗಳ ಬಳಿಕ ಬಿರುಗಾಳಿಯ ತಿಂಗಳಾಗುತ್ತಿತ್ತು. ಆದುದರಿಂದ ಅವರು ಹಬ್ಬಗಳಿಗೆ ಒಂದು ಪಂಚಾಂಗವನ್ನೂ ಕಡಲಿಗೆ ಇನ್ನೊಂದನ್ನೂ ಇಟ್ಟುಕೊಂಡರು. ಹದಿನೈದನೆಯ ಶತಮಾನದ ಪ್ರಸಿದ್ಧ ನಾವಿಕ ಅಹ್ಮದ್ ಇಬ್ನ್ ಮಾಜಿದನು, ‘ನೈರೂಜ್’ ಎಂಬ ವರ್ಷಾರಂಭದಿಂದ ಇಂತಿಷ್ಟನೆಯ ದಿನವೆಂದು ಎಣಿಸಿ, ಯಾವ ಬಂದರಿನಿಂದ ಯಾವಾಗ ಹೊರಡಬೇಕೆಂಬುದನ್ನು ತನ್ನ ಗ್ರಂಥದಲ್ಲಿ ವಿವರಿಸಿದ್ದಾನೆ.

ನಮ್ಮ ರೈತರೂ ಇದೇ ವಿವೇಕವನ್ನು ತೋರಿದ್ದಾರೆ. ಯುಗಾದಿ, ದೀಪಾವಳಿಗಳಿಗೆ ಚಾಂದ್ರಮಾನ. ಉಳುಮೆ ಬಿತ್ತನೆಗಳಿಗೆ ರೋಹಿಣಿ, ಮೃಗಶಿರ, ಆರ್ದ್ರಾ ಮುಂತಾದ ಮಳೆನಕ್ಷತ್ರಗಳು. ಇವು ಸೂರ್ಯನ ಗತಿಯನ್ನು ಅನುಸರಿಸುವುದರಿಂದ ಪ್ರತಿವರ್ಷವೂ ಹೆಚ್ಚುಕಡಿಮೆ ಅದೇ ದಿನಗಳಲ್ಲಿ ಬರುತ್ತವೆ. ರೈತನು ಮಳೆಗೆ ಹೆಸರಿಟ್ಟನು. ನಾವಿಕನು ಗಾಳಿಯ ದಿನಗಳನ್ನು ಎಣಿಸಿದನು.

ಗಾಳಿಯ ಈ ಲೆಕ್ಕ ಮಂಗಳೂರಿಗೂ ಹೊಸದಲ್ಲ. ಹನ್ನೆರಡನೆಯ ಶತಮಾನದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯೆಹೂದಿ ವರ್ತಕನು ಸುಮಾರು 1132ರಿಂದ 1149ರವರೆಗೆ ಮಲಬಾರ್ ತೀರದಲ್ಲಿ, ಬಹುಕಾಲ ಮಂಗಳೂರಿನಲ್ಲಿ, ನೆಲೆಸಿದ್ದನು. ಏಡನ್ನಿನ ಮಿತ್ರರು ಅವನಿಗೆ ಬರೆದ ಪತ್ರಗಳು ಕೈರೋ ನಗರದ ಹಳೆಯ ಪ್ರಾರ್ಥನಾಮಂದಿರವೊಂದರಲ್ಲಿ ದೊರೆತಿವೆ. ಒಂದು ಗಾಳಿಯಲ್ಲಿ ಬಂದ ಪತ್ರಕ್ಕೆ ಉತ್ತರ ಹೋಗಬೇಕಾದರೆ ಇನ್ನೊಂದು ಗಾಳಿ ಬೀಸಬೇಕು. ಮದುವೆಯ ಸುದ್ದಿಯೋ ಮರಣದ ಸುದ್ದಿಯೋ, ಗಾಳಿ ತಿರುಗುವವರೆಗೆ ಅದು ದಡದಲ್ಲಿಯೇ ಕಾಯಬೇಕಾಗಿತ್ತು.

ಯಂತ್ರದ ಹಡಗುಗಳು ಬಂದ ಮೇಲೆ ಗಾಳಿಯ ಹಂಗು ತಪ್ಪಿತೆಂದು ನಾವು ಭಾವಿಸುತ್ತೇವೆ. ಆದರೆ ಇಂದಿಗೂ ನಮ್ಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ, 61 ದಿನಗಳ ಕಾಲ, ಯಾಂತ್ರಿಕ ದೋಣಿಗಳ ಮೀನುಗಾರಿಕೆಗೆ ನಿಷೇಧವಿದೆ. ಮೀನುಗಳ ಸಂತಾನ ಬೆಳೆಯಲೆಂಬುದೂ ಮೀನುಗಾರರ ಜೀವ ಉಳಿಯಲೆಂಬುದೂ ಇದರ ಉದ್ದೇಶ. ಇದೂ ಗಾಳಿಯ ಪಂಚಾಂಗದ ಒಂದು ಪುಟವೇ.

ಈಗ ಆ ಪುಟಗಳು ಕದಲತೊಡಗಿವೆ. ಅರಬ್ಬೀ ಸಮುದ್ರದ ನೀರು ಮೊದಲಿಗಿಂತ ಬಿಸಿಯಾಗುತ್ತಿದೆ. 2021ರ ಮೇ ತಿಂಗಳಲ್ಲಿ, ಮುಂಗಾರಿಗೆ ಮೊದಲೇ, ‘ತೌಕ್ತೆ’ ಚಂಡಮಾರುತವು ನಮ್ಮ ಕರಾವಳಿಯನ್ನು ಬಾಧಿಸಿತು. ಕಡಲನ್ನು ನಂಬಿದ ಕುಟುಂಬಕ್ಕೆ ಹವಾಮಾನದ ಎಚ್ಚರಿಕೆಯನ್ನು ಕೇಳಿ ದೋಣಿಯನ್ನು ದಡದಲ್ಲಿ ನಿಲ್ಲಿಸುವುದು ಒಂದು ದಿನದ ಕೂಲಿಯ ಮಾತು. ಕೇಳದಿರುವುದು ಮನೆಯ ಯಜಮಾನನ ಪ್ರಾಣದ ಮಾತು.

ಪಂಚಾಂಗವನ್ನು ಬರೆಯುವವನು ಮನುಷ್ಯ. ಗಾಳಿ ಅವನ ಅಪ್ಪಣೆಗೆ ಕಾಯುವುದಿಲ್ಲ. ಲೆಕ್ಕ ತಪ್ಪಿದಾಗ ತಿದ್ದಿಕೊಳ್ಳಬೇಕಾದವರು ನಾವೇ. ‘ಗಾಳಿ ಬಂದಾಗ ತೂರಿಕೋ’ ಎಂದರು ಹಿರಿಯರು. ಗಾಳಿ ಯಾವಾಗ ಬರುತ್ತದೆಂದು ಅರಿಯಲು ಕಣ್ಣು ತೆರೆದಿರಬೇಕೆಂಬುದೂ ಆ ಮಾತಿನಲ್ಲಿಯೇ ಅಡಗಿದೆ.