ರಾಷ್ಟ್ರನಿಧಿಗಳ ಬಂಡವಾಳವೂ ಮಲಪ್ರಭೆಯ ನೀರೂ

ರಾಷ್ಟ್ರವೊಂದು ತನ್ನ ನಿತ್ಯದ ವೆಚ್ಚ ಕಳೆದು ಉಳಿದ ಹಣವನ್ನು ಮುಂದಿನ ಪೀಳಿಗೆಗಾಗಿ ಕಾದಿರಿಸಿ ಉದ್ಯಮಗಳಲ್ಲಿ ತೊಡಗಿಸಿದರೆ, ಅದನ್ನು ಸಾರ್ವಭೌಮ ಸಂಪತ್ತಿನ ನಿಧಿ ಎನ್ನುತ್ತಾರೆ. ಅರಸರ ಬೊಕ್ಕಸದ ಹೊನ್ನು ಕೋಟೆಯೊಳಗೆ ಇರುತ್ತಿತ್ತು. ಈ ನಿಧಿಗಳ ಹಣವಾದರೋ ಬಹುಮಟ್ಟಿಗೆ ಪರದೇಶಗಳಲ್ಲಿ ತೊಡಗಿರುತ್ತದೆ. ಅಂತಹ ಹಣ ನಮ್ಮ ಸವದತ್ತಿ ಸೀಮೆಯ ನೀರಿನವರೆಗೆ ಬಂದ ಬಗೆಯನ್ನು ಇಲ್ಲಿ ವಿವರಿಸಲೆತ್ನಿಸುತ್ತೇವೆ.

ಕುವೈತ್ ತನ್ನ ತೈಲದ ಆದಾಯಕ್ಕಾಗಿ 1953ರಲ್ಲಿಯೇ, ಅಂದರೆ ಸ್ವಾತಂತ್ರ್ಯಕ್ಕೆ 8 ವರ್ಷ ಮೊದಲು, ಹೂಡಿಕೆ ಮಂಡಲಿಯೊಂದನ್ನು ಸ್ಥಾಪಿಸಿತು. ಅಬುಧಾಬಿಯ ನಿಧಿ 1976ರಲ್ಲಿಯೂ, ಸಿಂಗಾಪುರದ ಜಿಐಸಿ 1981ರಲ್ಲಿಯೂ ಹುಟ್ಟಿದವು. ಸಿಂಗಾಪುರಕ್ಕೆ ತೈಲವಿಲ್ಲ; ಅದರ ಮೂಲಧನ ವಿದೇಶೀ ವಿನಿಮಯದ ಸಂಗ್ರಹ. ನಾರ್ವೆ 1990ರಲ್ಲಿ ಶಾಸನ ಮಾಡಿ 1996ರಲ್ಲಿ ಮೊದಲ ಕಂತನ್ನು ತೊಡಗಿಸಿತು. ಹಣವೆಲ್ಲ ಒಳನಾಡಿನಲ್ಲಿಯೇ ಸುರಿದರೆ ಬೆಲೆಗಳು ಏರಿ ಇತರ ಕಸುಬುಗಳು ಕುಂದುವವೆಂಬ ಕಾರಣದಿಂದ ಅದನ್ನು ಹೊರದೇಶಗಳಲ್ಲಿಯೇ ಹೂಡುವ ನಿಯಮವನ್ನು ಆ ದೇಶ ಪಾಲಿಸುತ್ತಿದೆ. ಭಾರತವು 2015ರಲ್ಲಿ ಸ್ಥಾಪಿಸಿದ ರಾಷ್ಟ್ರೀಯ ಹೂಡಿಕೆ ಮತ್ತು ಮೂಲಸೌಕರ್ಯ ನಿಧಿಯ ರೀತಿ ಬೇರೆ. ಅದರಲ್ಲಿ ಸರ್ಕಾರದ ಪಾಲು 49 ಪ್ರತಿಶತ; ಉಳಿದುದಕ್ಕೆ ಹೊರಗಿನ ಬಂಡವಾಳವನ್ನು ಆಹ್ವಾನಿಸಲಾಯಿತು. ಉಳಿತಾಯವನ್ನು ಹೊರಗೆ ಕಳುಹುವ ದೇಶಗಳ ಸಾಲಿನಲ್ಲಿ ನಾವಿಲ್ಲ. ಪರರ ಉಳಿತಾಯವನ್ನು ಬರಮಾಡಿಕೊಳ್ಳುವವರ ಸಾಲಿನಲ್ಲಿದ್ದೇವೆ.

ಈಗ ನಮ್ಮ ನೆಲದ ವಿಚಾರ. ಕಣಕುಂಬಿಯಲ್ಲಿ ಹುಟ್ಟುವ ಮಲಪ್ರಭೆಗೆ ಸವದತ್ತಿಯ ಬಳಿ ನವಿಲುತೀರ್ಥದಲ್ಲಿ ಕಟ್ಟಿದ ಅಣೆಕಟ್ಟು 1970ರ ದಶಕದ ಆರಂಭದಲ್ಲಿ ಪೂರ್ಣಗೊಂಡಿತು. ಅದರಿಂದಾದ ರೇಣುಕಾಸಾಗರದಲ್ಲಿ ಸುಮಾರು 37.7 ಟಿಎಂಸಿ ನೀರು ನಿಲ್ಲಬಲ್ಲದು. ಎಲ್ಲಮ್ಮನ ಗುಡ್ಡದ ಬಳಿಯ ಉಗರಗೋಳದಂತಹ ಊರುಗಳಿಗೆ ಇದು ನೆರೆಯ ಜಲರಾಶಿ. ಹುಬ್ಬಳ್ಳಿ-ಧಾರವಾಡಗಳಿಗೆ ಕುಡಿಯುವ ನೀರಿನ ಆಸರೆ. ಇದೇ ಸಾಗರವನ್ನು ಕೆಳ ಜಲಾಶಯವಾಗಿ ಬಳಸಿಕೊಂಡು, ಎತ್ತರದಲ್ಲಿ ಮತ್ತೊಂದು ಜಲಾಶಯ ಕಟ್ಟಿ, ಸಾವಿರ ಮೆಗಾವಾಟಿಗೂ ಮಿಗಿಲಾದ ವಿದ್ಯುತ್ತನ್ನು ಪಡೆಯುವ ಯೋಜನೆಯನ್ನು ಗ್ರೀನ್‌ಕೊ ಸಂಸ್ಥೆ ರೂಪಿಸಿದೆ. ಬಿಸಿಲು ಗಾಳಿಗಳ ವಿದ್ಯುತ್ತು ಹೇರಳವಾದಾಗ ನೀರನ್ನು ಮೇಲಕ್ಕೆತ್ತುವುದು, ಬೇಡಿಕೆ ಏರಿದಾಗ ಕೆಳಕ್ಕೆ ಬಿಟ್ಟು ಚಕ್ರ ತಿರುಗಿಸುವುದು ಇದರ ಕ್ರಮ. ನೀರು ಮರಳಿ ಸಾಗರ ಸೇರುತ್ತದೆ. ಮೊದಲ ಭರ್ತಿಗೂ ಆವಿಯಾಗುವುದಕ್ಕೂ ತಕ್ಕಷ್ಟು ಮಾತ್ರ ಕಳೆಯುತ್ತದೆ. ಈ ಸಂಸ್ಥೆಯಲ್ಲಿ ಜಿಐಸಿಯೂ ಅಬುಧಾಬಿಯ ನಿಧಿಯೂ 2016ರಲ್ಲಿ ಬಂಡವಾಳ ತೊಡಗಿಸಿದವು.

ಇಲ್ಲಿ ಇತಿಹಾಸದ ಒಂದು ಪಾಠ ಸ್ಮರಣೀಯ. ಅಣೆಕಟ್ಟು ಸರ್ಕಾರದ ಹಣದಿಂದ ಆದುದು. ಆ ಬಳಿಕ ಬೆಟರ್‌ಮೆಂಟ್ ಲೆವಿ ಎಂಬ ಕರವನ್ನು ರೈತರ ಮೇಲೆ ಹೇರಿದಾಗ, ಕಾಲುವೆಯ ನೀರನ್ನೇ ಕಾಣದ ಹೊಲಗಳಿಗೂ ಕರವೇಕೆ ಎಂಬ ಪ್ರಶ್ನೆ ಎದ್ದಿತು. 1980ರ ಜುಲೈ 21ರಂದು ನರಗುಂದ, ನವಲಗುಂದಗಳಲ್ಲಿ ಪ್ರಾಣಹಾನಿಯಾಯಿತು. ವೆಚ್ಚ ಯಾರದು, ಫಲ ಯಾರಿಗೆ ಎಂಬ ಲೆಕ್ಕವನ್ನು ಜನರ ಮುಂದೆ ಸ್ಪಷ್ಟವಾಗಿ ಇಡದಿದ್ದುದೂ ಆ ದುರಂತದ ಒಂದು ಕಾರಣವೆಂದು ನಾವು ಭಾವಿಸುತ್ತೇವೆ.

ರಾಷ್ಟ್ರನಿಧಿಗಳು ತಮ್ಮ ನಡತೆಗಾಗಿ 2008ರಲ್ಲಿ ಸ್ಯಾಂಟಿಯಾಗೊ ಸೂತ್ರಗಳೆಂಬ 24 ನಿಯಮಗಳನ್ನು ಒಪ್ಪಿಕೊಂಡಿವೆ. ಅವು ಸ್ವಯಂಪ್ರೇರಿತವಾದವು, ಮುಖ್ಯವಾಗಿ ನಿಧಿಯ ಆಡಳಿತಕ್ಕೆ ಸಂಬಂಧಿಸಿದವು. ಬಂಡವಾಳ ಬಂದಿಳಿಯುವ ಊರಿನವರ ಹಿತವನ್ನು ಕಾಯುವ ಹೊಣೆ ಆ ಊರನ್ನಾಳುವ ಸರ್ಕಾರದ ಮೇಲೆಯೇ ಉಳಿಯುತ್ತದೆ. ಪರರಾಷ್ಟ್ರದವರು ತಮ್ಮ ಮೊಮ್ಮಕ್ಕಳಿಗಾಗಿ ಹಣ ತೊಡಗಿಸುವುದರಲ್ಲಿ ದೋಷವಿಲ್ಲ. ಆ ಹಣದಿಂದ ನಮ್ಮ ನಾಡಿಗೆ ವಿದ್ಯುತ್ತು ದೊರೆಯುವುದೂ ಹಿತಕರವೇ. ಆದರೆ ಹೋಗುವ ನೆಲವೆಷ್ಟು, ಬೇಸಗೆಯಲ್ಲಿ ಎತ್ತುವ ನೀರೆಷ್ಟು, ಊರಿಗೆ ಸಲ್ಲುವ ಪಾಲೆಷ್ಟು ಎಂಬ ಲೆಕ್ಕವು ಕನ್ನಡದಲ್ಲಿ, ಗ್ರಾಮಸಭೆಯ ಮುಂದೆ, ಕಾಮಗಾರಿಗೆ ಮೊದಲೇ ಬರಬೇಕು. ಮಲಪ್ರಭೆಯ ದಂಡೆಯ ಮೊಮ್ಮಕ್ಕಳಿಗೂ ಆ ನೀರಿನಲ್ಲಿ ಪಾಲುಂಟು.